ಕಾಗುಣಿತಕ್ಕೂ ಚರಿತ್ರೆಯುಂಟು

ಫ್ರಾನ್ಸಿನಲ್ಲಿ ಕಾಗುಣಿತವೆಂದರೆ ಮನುಷ್ಯನ ಯೋಗ್ಯತೆಯ ಅಳತೆಗೋಲು. ಆ ಕೋಲಿಗೂ ಒಂದು ಚರಿತ್ರೆಯಿದೆಯೆಂದು ತೋರಿಸಿದವರು ಕೈರೋದಲ್ಲಿ ಹುಟ್ಟಿದ ಭಾಷಾವಿದುಷಿ ನೀನಾ ಕತಾಶ್ (1923–1997). ಹದಿನಾರನೆಯ ಶತಮಾನದ ಲೇಖಕರೂ ಮುದ್ರಕರೂ ಫ್ರೆಂಚ್ ಬರವಣಿಗೆಯನ್ನು ರೂಪಿಸಿದ ಬಗೆಯನ್ನು ಅವರ 1968ರ ಗ್ರಂಥ ಬಿಡಿಸಿಟ್ಟಿತು.

1990ರ ಕಾಗುಣಿತ ಪರಿಷ್ಕರಣೆಯ ತಜ್ಞರಲ್ಲಿ ಅವರೂ ಒಬ್ಬರು. ನೈದಿಲೆಗೆ ಅಲ್ಲಿನ ಹೆಸರು ‘ನೆನುಫಾರ್’. ಅದರ ‘ಪಿಎಚ್’ ಬದಲು ‘ಎಫ್’ ಬರೆಯಲು ಸೂಚಿಸಿದಾಗ ಸಂಪ್ರದಾಯ ಕೆಟ್ಟಿತೆಂದು ಹಲವರು ಹುಯಿಲಿಟ್ಟರು. ವಾಸ್ತವವಾಗಿ, 1935ರವರೆಗೆ ಫ್ರೆಂಚ್ ಅಕಾಡೆಮಿಯ ನಿಘಂಟಿನಲ್ಲಿದ್ದುದು ‘ಎಫ್’ ಅಕ್ಷರವೇ! ಗ್ರೀಕ್ ಮೂಲದ ಪದಗಳಿಗೆ ಒಪ್ಪುವ ‘ಪಿಎಚ್’ ಇದಕ್ಕೆ ಸಲ್ಲದು. ನಮ್ಮ ‘ನೀಲೋತ್ಪಲ’ವೇ ಪರ್ಷಿಯನ್, ಅರಬ್ಬಿಗಳನ್ನು ದಾಟಿ ಅಲ್ಲಿಗೆ ಹೋದದ್ದು.

ನಿಯಮವೇ ಬೇಡವೆಂದು ನಾನು ಹೇಳಲಾರೆ. ಆದರೆ ಮಗುವಿನ ತಪ್ಪಿಗೆ ಕೆಂಪು ಗೆರೆ ಎಳೆಯುವ ಉಪಾಧ್ಯಾಯರಿಗೆ ಆ ನಿಯಮದ ವಯಸ್ಸೆಷ್ಟೆಂಬುದು ತಿಳಿದಿರಬೇಕು.