ಬಹುಮಾನದ ಕೂಪನ್ ಬಿಸಾಡಬೇಡಿ



ಹಬ್ಬ ಬಂತೆಂದರೆ ಅಂಗಡಿಗಳ ಮುಂದೆ ‘ಸಾವಿರ ರೂಪಾಯಿ ಖರೀದಿಗೆ ಒಂದು ಕೂಪನ್, ಬಂಪರ್ ಬಹುಮಾನ ಸ್ಕೂಟರ್’ ಎಂಬ ಬೋರ್ಡು. ಆ ಆಸೆಗೆ ನಾವು ಒಂದು ಸೀರೆ ಹೆಚ್ಚಿಗೇ ತಗೊಳ್ತೇವೆ. ಡ್ರಾ ಯಾವಾಗ ಆಯ್ತು, ಯಾರಿಗೆ ಬಂತು ಅಂತ ಕೇಳಿದರೆ ಉತ್ತರವಿಲ್ಲ. ‘ನಮ್ಮ ಅದೃಷ್ಟ ಇಷ್ಟೇ’ ಎಂದು ಸುಮ್ಮನಾಗುತ್ತೇವೆ.

ಆದರೆ ಇದು ಬರೀ ಅದೃಷ್ಟದ ಮಾತಲ್ಲ. 2019ರ ಗ್ರಾಹಕ ಸಂರಕ್ಷಣಾ ಕಾಯ್ದೆಯ ಪ್ರಕಾರ, ಕೊಡುವ ಉದ್ದೇಶವಿಲ್ಲದೆ ಬಹುಮಾನದ ಆಸೆ ತೋರಿಸುವುದು, ಅದರ ಖರ್ಚನ್ನು ಸಾಮಾನಿನ ಬೆಲೆಗೇ ಸೇರಿಸಿ ‘ಉಚಿತ’ ಎನ್ನುವುದು, ಸ್ಕೀಮು ಮುಗಿದ ಮೇಲೆ ಫಲಿತಾಂಶ ತಿಳಿಸದಿರುವುದು, ಈ ಮೂರೂ ಅನುಚಿತ ವ್ಯಾಪಾರ ಪದ್ಧತಿಗಳು.

ನಾವೇನು ಮಾಡಬೇಕು?

1. ಬಿಲ್ಲು, ಕೂಪನ್, ಜಾಹೀರಾತು ಮೂರನ್ನೂ ಜೋಪಾನವಾಗಿಡಿ. ಸಣ್ಣ ಅಕ್ಷರದ ನಿಯಮ, ಕೊನೆಯ ದಿನಾಂಕ ಓದಿ.

2. ಬಹುಮಾನ ಬಂದರೆ ಗಡುವಿನೊಳಗೆ ಬರವಣಿಗೆಯಲ್ಲೇ ಕೇಳಿ. ಪತ್ರದ ಪ್ರತಿ, ಸ್ಪೀಡ್ ಪೋಸ್ಟ್ ರಸೀದಿ ಇಟ್ಟುಕೊಳ್ಳಿ.

3. ಕೊಡದಿದ್ದರೆ 1915 ಗ್ರಾಹಕ ಸಹಾಯವಾಣಿಗೆ ಫೋನ್ ಮಾಡಿ. ಅಲ್ಲೂ ಆಗದಿದ್ದರೆ ಎರಡು ವರ್ಷದೊಳಗೆ ನಿಮ್ಮದೇ ಜಿಲ್ಲೆಯ ಗ್ರಾಹಕರ ಆಯೋಗಕ್ಕೆ ದೂರು ಕೊಡಿ. ಖರೀದಿ ಐದು ಲಕ್ಷದೊಳಗಿದ್ದರೆ ಶುಲ್ಕವಿಲ್ಲ, ವಕೀಲರೂ ಕಡ್ಡಾಯವಲ್ಲ. ಹಲವರಿಗೆ ಒಂದೇ ತೊಂದರೆಯಾಗಿದ್ದರೆ ಆಯೋಗದ ಅನುಮತಿ ಪಡೆದು ಒಟ್ಟಾಗಿಯೂ ದೂರು ಕೊಡಬಹುದು.

ಎಚ್ಚರಿಕೆ! ನೀವು ಏನೂ ಕೊಳ್ಳದೆ, ಕೂಪನ್ ತುಂಬದೆ ‘ಕಾರು ಬಂದಿದೆ, ಮೊದಲು ತೆರಿಗೆ ಕಟ್ಟಿ’ ಎಂದು ಫೋನ್ ಬಂದರೆ ಅದು ಮೋಸ. ಒಂದು ಪೈಸೆಯನ್ನೂ ಕಳಿಸಬೇಡಿ. ಕಳಿಸಿಬಿಟ್ಟಿದ್ದರೆ ತಡಮಾಡದೆ 1930ಕ್ಕೆ ಫೋನ್ ಮಾಡಿ.

ಮುಂದಿನ ವಾರದ ಸಭೆಗೆ ಮನೆಯಲ್ಲಿರುವ ಕೂಪನ್‌ಗಳನ್ನು ತನ್ನಿ. ಓದು ಬಾರದವರಿಗೆ ಓದು ಬಲ್ಲವರು ನಿಯಮ ಓದಿ ಹೇಳಿ.