ಗುಳಿಗನಿಗೆ ಸೂಪರ್‌ಹೀರೋ ಪಟ್ಟ ಬೇಡ

2022ರ ಸೆಪ್ಟೆಂಬರ್ 30ಕ್ಕೆ ತೆರೆಗೆ ಬಂದ ರಿಷಬ್ ಶೆಟ್ಟಿ ಅವರ ‘ಕಾಂತಾರ’ ಚಿತ್ರದ ಬಗ್ಗೆ ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆ ಕಡೆ ಇಂದಿಗೂ ಎರಡು ಮಾತು. ಕೆಲವರಿಗೆ ಅದು ದೈವಕ್ಕೆ ಸಂದ ಗೌರವ, ಕೆಲವರಿಗೆ ದೈವದ ಹೆಸರಲ್ಲಿ ನಡೆದ ವ್ಯಾಪಾರ. ಬಿಸಿ ಆರಿದ ಮೇಲೆ ನೋಡಿದರೆ ಎರಡೂ ಕಡೆಯ ಕೆಲವು ವಾದ ನಿಲ್ಲುವುದಿಲ್ಲ.

ತಪ್ಪು ಕಲ್ಪನೆ: ಚಿತ್ರದ ಗುಳಿಗ ದೈವ ಅಂದರೆ ತುಳುನಾಡಿನ ಸೂಪರ್‌ಹೀರೋ.

ವಾಸ್ತವ: ಕ್ಲೈಮ್ಯಾಕ್ಸ್ ಮಾತ್ರ ನೋಡಿದವರಿಗೆ ಹಾಗನ್ನಿಸಬಹುದು. ಆದರೆ ದೈವವೆಂದರೆ ಬರೀ ಹೊಡೆದಾಟವಲ್ಲ; ಇಲ್ಲಿನ ಎಷ್ಟೋ ದೈವಗಳು ಅನ್ಯಾಯ ಉಂಡ ಮನುಷ್ಯರು. ಕಾರ್ಕಳದ ಗೊಮ್ಮಟನನ್ನು ಕೆತ್ತಿದ ಕಲ್ಕುಡ ಅಂಥದ್ದನ್ನು ಇನ್ನೊಂದು ಕಡೆ ಮಾಡಬಾರದೆಂದು ಅರಸ ಅವನ ಒಂದು ಕೈ, ಒಂದು ಕಾಲು ಕಡಿಸಿದ; ಉಳಿದ ಕೈಯಲ್ಲೇ ಅವನು ಬೆಳ್ತಂಗಡಿ ತಾಲ್ಲೂಕಿನ ವೇಣೂರಿನ ಗೊಮ್ಮಟನನ್ನು ಕೆತ್ತಿದ ಎನ್ನುತ್ತದೆ ದೈವದ ಕತೆ ಹೇಳುವ ತುಳು ಹಾಡು, ಪಾಡ್ದನ. (ಕಾರ್ಕಳದ್ದು 1432, ವೇಣೂರಿನದು 1604. ಲೆಕ್ಕ ಕೇಳುವವರಿಗೆ ಪಾಡ್ದನದಲ್ಲಿ ಜಾಗವಿಲ್ಲ.) ಅಣ್ಣನ ಪರ ಸಿಡಿದೆದ್ದ ತಂಗಿ ಕಲ್ಲುರ್ಟಿಗೆ ಬಂಟ್ವಾಳದ ಪಣೋಲಿಬೈಲಿನಲ್ಲಿ ಇಂದಿಗೂ ಅಗೆಲು ಸೇವೆ ನಡೆಯುತ್ತದೆ. ದೈವಕ್ಕೆ ನಡೆಸುವ ಕೋಲದಲ್ಲೂ ಹೊಡೆದಾಟಕ್ಕಿಂತ ನುಡಿಯೇ ಮುಖ್ಯ. ಎಣ್ಣೆಬೂಳ್ಯ ಪಡೆದು, ಅಣಿ ಕಟ್ಟಿ, ಗಗ್ಗರ ತೊಟ್ಟ ದೈವ ಅಣ್ಣತಮ್ಮಂದಿರ ಜಾಗದ ತಕರಾರನ್ನು ಸಮಾಧಾನದಿಂದ ವಿಚಾರಿಸುತ್ತದೆ.

ತಪ್ಪು ಕಲ್ಪನೆ: ಪಂಜುರ್ಲಿ ದೈವವನ್ನೂ ಭೂಮಿಯನ್ನೂ ಒಂದೇ ಕತೆಯಲ್ಲಿ ತಂದದ್ದು ‘ಕಾಂತಾರ’ವೇ ಮೊದಲು.

ವಾಸ್ತವ: 1933ರಲ್ಲೇ ಶಿವರಾಮ ಕಾರಂತರು ‘ಚೋಮನ ದುಡಿ’ ಬರೆದಿದ್ದರು. ಭೂಮಿಯ ಆಸೆಗೆ ಮತಾಂತರಕ್ಕೆ ಹೊರಟ ಚೋಮ ಪಂಜುರ್ಲಿಯ ಭಯಭಕ್ತಿಗೆ ಹಿಂದೆ ಸರಿಯುತ್ತಾನೆ. ಅದನ್ನು ಸಿನಿಮಾ ಮಾಡಿದವರು ಬಂಟ್ವಾಳದ ಮಂಚಿಯಲ್ಲಿ ಹುಟ್ಟಿದ ಬಿ.ವಿ. ಕಾರಂತರು. 1975ರ ಆ ಚಿತ್ರಕ್ಕೆ ಸ್ವರ್ಣ ಕಮಲ ಬಂತು, ಚೋಮನಾದ ಎಂ.ವಿ. ವಾಸುದೇವ ರಾವ್ ಅವರಿಗೆ ಶ್ರೇಷ್ಠ ನಟ ರಾಷ್ಟ್ರ ಪ್ರಶಸ್ತಿ. ಅದೇ ಪ್ರಶಸ್ತಿ ಮುಂದೆ ‘ಕಾಂತಾರ’ಕ್ಕಾಗಿ ರಿಷಬ್ ಅವರಿಗೂ ಸಂದಿತು. ಚೋಮನಿಗೆ ಕೊನೆಗೂ ತುಂಡು ಗದ್ದೆ ದಕ್ಕುವುದಿಲ್ಲ. ‘ಕಾಂತಾರ’ದಲ್ಲಿ ದೈವವೇ ಬಂದು ಭೂಮಿ ಉಳಿಸಿಕೊಡುತ್ತದೆ. ನನ್ನ ಮಟ್ಟಿಗೆ ಹಳೆಯದೇ ಹೆಚ್ಚು ಪ್ರಾಮಾಣಿಕ.

ತಪ್ಪು ಕಲ್ಪನೆ: ತೆರೆಯ ಮೇಲಿನದೇ ನಮ್ಮ ಮೂರೂ ತಾಲ್ಲೂಕುಗಳ ಕ್ರಮ.

ವಾಸ್ತವ: ಚಿತ್ರೀಕರಣ ನಡೆದದ್ದು ಕುಂದಾಪುರ ಕಡೆಯ ಕೆರಾಡಿಯಲ್ಲಿ, ಮಾತು ಕುಂದಗನ್ನಡ. ನಮ್ಮಲ್ಲಿ ದೈವದ ನುಡಿ ತುಳುವಿನಲ್ಲಿ.

ತಪ್ಪು ಕಲ್ಪನೆ: ಚಿತ್ರದಿಂದ ದೈವ ಕಟ್ಟುವವರ ಬದುಕು ಬದಲಾಯಿತು.

ವಾಸ್ತವ: ಅರವತ್ತು ದಾಟಿದ ದೈವನರ್ತಕರಿಗೆ ತಿಂಗಳಿಗೆ 2000 ರೂಪಾಯಿ ಮಾಸಾಶನವನ್ನು ಸರ್ಕಾರ 2022ರ ಅಕ್ಟೋಬರ್‌ನಲ್ಲಿ ಘೋಷಿಸಿತು, ಒಪ್ಪೋಣ. ನಲಿಕೆ, ಪರವ, ಪಂಬದ ಸಮುದಾಯದವರು ತಲೆಮಾರುಗಳಿಂದ ವ್ರತನಿಯಮ ಹಿಡಿದು ಮಾಡಿಕೊಂಡು ಬಂದದ್ದು ಮಾತ್ರ ಛದ್ಮವೇಷಕ್ಕೂ ರೀಲ್ಸ್‌ಗೂ ಇಳಿಯಿತು. 2025ರಲ್ಲಿ ಕತೆಯ ಪೂರ್ವಭಾಗದ ಚಿತ್ರ ಬಂದಾಗ ನಿರ್ಮಾಣ ಸಂಸ್ಥೆ ಹೊಂಬಾಳೆಯೇ ‘ದೈವದ ಅನುಕರಣೆ ಬೇಡ’ ಎಂದು ವಿನಂತಿಸಬೇಕಾಯಿತು.

ತಪ್ಪು ಕಲ್ಪನೆ: ಚಿತ್ರವನ್ನು ಟೀಕಿಸಿದರೆ ದೈವನಿಂದೆ.

ವಾಸ್ತವ: ನಾಯಕಿ ಲೀಲಾಳ ಸೊಂಟ ಚಿವುಟುವ ನಾಯಕ ಶಿವನಿಗೆ ಅಂದು ಶಿಳ್ಳೆ ಬಿದ್ದಿತ್ತು. ಅದನ್ನು ಆಕ್ಷೇಪಿಸಿದರೆ ಯಾವ ದೈವವೂ ಮುನಿಯದು. ಅರಣ್ಯ ಇಲಾಖೆಯ ಕೆಲಸಕ್ಕೆ ಸೇರಿದ ಅದೇ ಲೀಲಾ ತನ್ನೂರಿನವರ ಎದುರೇ ಬೇಲಿ ಹಾಕಲು ನಿಲ್ಲಬೇಕಾಗುತ್ತದೆ. ಅವಳ ಆ ಇಕ್ಕಟ್ಟಿಗೆ ಇನ್ನೊಂದೆರಡು ದೃಶ್ಯ ಕೊಡಬಹುದಿತ್ತು.