ತಳ್ಳುಗಾಡಿ ನಿಂತ ದಿನದ ಲೆಕ್ಕ

ನಸುಕಿನಲ್ಲಿ ಸಾರಕ್ಕಿ ಮಾರುಕಟ್ಟೆಯಲ್ಲಿ ಮೂಟೆ ಹೊತ್ತು, ಏಳರ ಹೊತ್ತಿಗೆ ಜೆ.ಪಿ. ನಗರದ ಕ್ರಾಸ್‌ಗಳಲ್ಲಿ ಸೊಪ್ಪು, ತರಕಾರಿ ಎಂದು ಕೂಗುತ್ತ ಗಾಡಿ ತಳ್ಳುವವರ ದನಿ ನಮಗೆಲ್ಲ ಪರಿಚಯ. ಆ ವ್ಯಾಪಾರದ ನಿಜವಾದ ಬಂಡವಾಳ ಕಾಲು. ಕನಕಪುರ ರಸ್ತೆ ದಾಟುವಾಗ ಬೈಕೊಂದು ಗುದ್ದಿ ಮೊಣಕಾಲು ಪುಡಿಯಾದರೆ ಕಳೆದುಹೋದದ್ದೆಷ್ಟು?

ಇಂಥದೇ ಪ್ರಶ್ನೆ ಕರ್ನಾಟಕದಿಂದ ಸುಪ್ರೀಂ ಕೋರ್ಟ್‌ವರೆಗೆ ಹೋಗಿತ್ತು. 2008ರ ಅಪಘಾತದಲ್ಲಿ ಕಾಲು ಕಳೆದುಕೊಂಡ ತರಕಾರಿ ವ್ಯಾಪಾರಿಯೊಬ್ಬರ ಪ್ರಕರಣವದು. ತರಕಾರಿ ಮಾರುವುದೆಂದರೆ ಒಂದು ಕಡೆ ಕೂತು ತೂಗಿ ಕೊಡುವುದಷ್ಟೇ ಅಲ್ಲ, ಸಗಟು ಮಾರುಕಟ್ಟೆಯಿಂದ ತರಬೇಕು, ಗಾಡಿ ತಳ್ಳಬೇಕು. ಕೂತಲ್ಲೇ ಮಾರುತ್ತಾರೆ ಎಂದುಕೊಂಡರೂ ಸರಕು ಅಲ್ಲಿಗೆ ತರಲು ಕಾಲು ಬೇಕು ಎಂದು 2014ರ ಜನವರಿಯಲ್ಲಿ ನ್ಯಾಯಾಲಯ ಹೇಳಿತು. ದುಡಿಮೆಯ ನಷ್ಟವನ್ನು ಶೇ. 85 ಎಂದು ಹಿಡಿಯಿತು. ಆದಾಯಕ್ಕೆ ಕಾಗದ ಇಲ್ಲದಿದ್ದರೂ ತಿಂಗಳಿಗೆ 6,500 ರೂಪಾಯಿ ಎಂದು ಒಪ್ಪಿತು. ಮಾರುಕಟ್ಟೆಯ ಬೆಳಗನ್ನು ಕಂಡವರು ಬರೆದಂತಿದೆ ಆ ತೀರ್ಪು.

ಅದರ ಬೇರು ಸುಪ್ರೀಂ ಕೋರ್ಟ್‌ನದೇ 2010ರ ಇನ್ನೊಂದು ತೀರ್ಪಿನಲ್ಲಿದೆ. ಬರೆದವರು ನ್ಯಾಯಮೂರ್ತಿ ಆರ್.ವಿ. ರವೀಂದ್ರನ್, ಕರ್ನಾಟಕ ಹೈಕೋರ್ಟ್‌ನಲ್ಲಿ ನ್ಯಾಯಮೂರ್ತಿಯಾಗಿದ್ದವರು. ಎಡಗೈ ತುಂಡಾದರೆ ವೈದ್ಯರು ಶೇ. 60 ಎಂದು ಬರೆಯಬಹುದು. ಡ್ರೈವರ್‌ಗೋ ಬಡಗಿಗೋ ಅದು ಹೆಚ್ಚುಕಡಿಮೆ ಪೂರ್ತಿ ದುಡಿಮೆಯೇ ಹೋದಂತೆ, ಸರ್ಕಾರಿ ಗುಮಾಸ್ತರಿಗೆ ಕೆಲಸ ಉಳಿಯಬಹುದು. ಅಂದರೆ ಅಳೆಯಬೇಕಾದದ್ದು ಮೂಳೆಯನ್ನಲ್ಲ, ಆ ಮೂಳೆಯಿಂದ ನಡೆಯುತ್ತಿದ್ದ ಬದುಕನ್ನು.

ಆದರೆ ನಿತ್ಯದ ರೂಢಿ ಬೇರೆ. ವೈದ್ಯರು ಕಾಲಿಗೆ ಶೇ. 45 ಎಂದರೆ ಅದರ ಮೂರನೇ ಒಂದು ಭಾಗ, ಶೇ. 15, ಇಡೀ ದೇಹದ ವೈಕಲ್ಯ ಎಂದು ಎಷ್ಟೋ ಪ್ರಕರಣಗಳಲ್ಲಿ ತೆಗೆದುಕೊಳ್ಳುತ್ತಾರೆ. ತಿಂಗಳಿಗೆ 15,000 ದುಡಿಯುವ 32ರ ವಯಸ್ಸಿನವರನ್ನು ಊಹಿಸಿಕೊಳ್ಳಿ. ಸುಪ್ರೀಂ ಕೋರ್ಟ್‌ನ 2009ರ ತೀರ್ಪಿನ ಪಟ್ಟಿಯಂತೆ ಆ ವಯಸ್ಸಿಗೆ ಗುಣಕ, ಅಂದರೆ ವರ್ಷದ ದುಡಿಮೆಯನ್ನು ಗುಣಿಸುವ ಅಂಕಿ, 16. ಶೇ. 15ಕ್ಕೆ ಭವಿಷ್ಯದ ದುಡಿಮೆಯ ನಷ್ಟ 4,32,000 ರೂಪಾಯಿ, ಶೇ. 45 ಎಂದರೆ 12,96,000. ಗಾಯ ಅದೇ, ಕಾಲೂ ಅದೇ. ಎಂಟೂವರೆ ಲಕ್ಷಕ್ಕೂ ಮಿಕ್ಕಿದ ಈ ಅಂತರ ನಿಂತಿರುವುದು, ಆ ಮನುಷ್ಯ ದಿನವಿಡೀ ಏನು ಮಾಡುತ್ತಿದ್ದ ಎಂಬುದನ್ನು ಯಾರಾದರೂ ಬಿಡಿಸಿ ಹೇಳಿದರೇ ಇಲ್ಲವೇ ಎಂಬುದರ ಮೇಲೆ. ಚಿಕಿತ್ಸೆ ಕೊಟ್ಟ ವೈದ್ಯರೇ ಬಂದು ಸಾಕ್ಷಿ ಹೇಳಿದರೆ ಅದಕ್ಕೆ ತೂಕ ಹೆಚ್ಚು.

ಇಷ್ಟೆಲ್ಲಕ್ಕೂ ಮೊದಲೇ, ಆಸ್ಪತ್ರೆಯ ಬಾಗಿಲಲ್ಲೇ ಕೇಸು ಸೋಲುವುದುಂಟು. ಬೈರಸಂದ್ರದ ಸಂಜಯ್ ಗಾಂಧಿ ಆಸ್ಪತ್ರೆಯಿರಲಿ, ಜಯನಗರದ ಜನರಲ್ ಆಸ್ಪತ್ರೆಯಿರಲಿ, ಗಾಯಾಳುವನ್ನು ಕೇಳುವ ಮೊದಲ ಪ್ರಶ್ನೆ ‘ಹೇಗಾಯ್ತಮ್ಮ?’ ಎಂದೇ. ಪೊಲೀಸು, ಸ್ಟೇಷನ್ನು ಯಾಕೆ ಎಂಬ ಭಯಕ್ಕೋ, ಗುದ್ದಿದ ಹುಡುಗ ‘ಖರ್ಚು ನಾನೇ ಕೊಡ್ತೀನಿ ಆಂಟಿ’ ಎಂದದ್ದಕ್ಕೋ ‘ನಾನೇ ಜಾರಿ ಬಿದ್ದೆ ಸಾರ್’ ಎಂದುಬಿಡುತ್ತಾರೆ. ಆ ಒಂದು ಸಾಲು ಕೇಸ್‌ಶೀಟ್‌ನಲ್ಲಿ ಉಳಿಯುತ್ತದೆ. ವರ್ಷ ಕಳೆದ ಮೇಲೆ ವಿಮಾ ಕಂಪನಿಯ ವಕೀಲರು ಓದಿ ಹೇಳುವುದು ಅದನ್ನೇ. ಆಸ್ಪತ್ರೆಯಲ್ಲಿ ಎಂಎಲ್‌ಸಿ (ಮೆಡಿಕೋ-ಲೀಗಲ್ ಕೇಸ್) ಮಾಡಿಸುವುದು, ಸಂಚಾರ ಠಾಣೆಯಲ್ಲಿ ದೂರು ಕೊಡುವುದು, ವೂಂಡ್ ಸರ್ಟಿಫಿಕೇಟ್ ಪಡೆಯುವುದು ಗಾಯಾಳುವಿನ ಹಕ್ಕು. ಕರುಣೆ ತೋರಿ ಬಿಟ್ಟುಕೊಡಬೇಕಾದದ್ದಲ್ಲ. ಹಣ ಕೊಡುವುದು ಬಹುಪಾಲು ಆ ಹುಡುಗನಲ್ಲ, ವಾಹನದ ವಿಮೆ.

ತಲೆಗೆ ಪೆಟ್ಟಾದವರದು ಇನ್ನೂ ಕಷ್ಟ. ನಿಮ್ಹಾನ್ಸ್‌ನಿಂದ ನಡೆದುಕೊಂಡೇ ಮನೆಗೆ ಬಂದವರಿಗೆ ಆಮೇಲೆ ಮರೆವು, ತಡೆಯಲಾಗದ ಸಿಟ್ಟು ಶುರುವಾಗಬಹುದು. ಎಕ್ಸ್‌ರೇಯಲ್ಲಿ ಕಾಣದ ಆ ನಷ್ಟಕ್ಕೆ ಹೆಂಡತಿಯೇ ಸಾಕ್ಷಿ.

ಬೆಂಗಳೂರಿನಲ್ಲಿ ವಾಹನ ಅಪಘಾತ ಪರಿಹಾರದ (ಎಂವಿಸಿ) ಪ್ರಕರಣಗಳು ಹೆಚ್ಚಾಗಿ ಸ್ಮಾಲ್ ಕಾಸಸ್ ಕೋರ್ಟ್‌ನಲ್ಲಿ ನಡೆಯುತ್ತವೆ. ಊರ ಹಬ್ಬಕ್ಕೆ ಹೋದಾಗ ಅಲ್ಲಿ ಅಪಘಾತವಾದರೂ ಬಿಟಿಎಂ ಲೇಔಟ್‌ನಲ್ಲಿ ವಾಸವಿರುವವರು ಇಲ್ಲಿಯೇ ಅರ್ಜಿ ಹಾಕಬಹುದು. ಗುದ್ದಿ ಓಡಿಹೋದ ವಾಹನ ಪತ್ತೆಯಾಗದಿದ್ದರೆ ಗಂಭೀರ ಗಾಯಕ್ಕೆ ಸಿಗುವುದು 50,000 ರೂಪಾಯಿ ಮಾತ್ರ. ಒಂದು ಶಸ್ತ್ರಚಿಕಿತ್ಸೆಗೂ ಸಾಲದ ಮೊತ್ತ. 2025ರ ಮೇ ತಿಂಗಳಿಂದ ಬಂದ ನಗದುರಹಿತ ಯೋಜನೆಯಲ್ಲಿ ಮೊದಲ 7 ದಿನಗಳ ಚಿಕಿತ್ಸೆಗೆ 1.5 ಲಕ್ಷದವರೆಗೆ ಅವಕಾಶವಿದೆ. ಇದು ಇನ್ನೂ ಎಷ್ಟು ಮನೆಗಳಿಗೆ ತಲುಪಬೇಕೋ.

ನನಗೆ ಹೆಚ್ಚು ಸಂಕಟ ತರುವುದು 2022ರ ಏಪ್ರಿಲ್‌ನಿಂದ ಜಾರಿಯಾದ, ಪರಿಹಾರದ ಅರ್ಜಿ ಹಾಕಲು ಅಪಘಾತದಿಂದ 6 ತಿಂಗಳ ಗಡುವು. ಅದನ್ನು ಪ್ರಶ್ನಿಸಿದ ಅರ್ಜಿಗಳು ಸುಪ್ರೀಂ ಕೋರ್ಟ್ ಮೆಟ್ಟಿಲೇರಿವೆ. ಪ್ಲೇಟು, ಸ್ಕ್ರೂ ಹಾಕಿಸಿಕೊಂಡು ಮಲಗಿದವರಿಗೆ ಆರು ತಿಂಗಳು ಊರುಗೋಲಿಗೇ ಸರಿಹೋಗುತ್ತದೆ. ಅರ್ಜಿ ಹಾಕಲು ನೆರವೇ ಇಲ್ಲವೆಂದಲ್ಲ: ಹೆಂಗಸರು ಆದಾಯ ಎಷ್ಟೇ ಇರಲಿ ಉಚಿತ ಕಾನೂನು ನೆರವಿಗೆ ಅರ್ಹರು, ಅಂಗವಿಕಲರೂ ಹಾಗೆಯೇ. ಈ ಮಾತನ್ನು ಆಸ್ಪತ್ರೆಯ ವಾರ್ಡಿನ ಗೋಡೆಯ ಮೇಲೆ ಎದ್ದು ಕಾಣುವಂತೆ ಬರೆಸಬೇಕು.

ಕಾಗದವೇ ಇಲ್ಲದಿದ್ದ ಬೀದಿ ವ್ಯಾಪಾರಿಗಳ ಬಳಿ ಈಗ ಒಂದು ದಾಖಲೆ ತಾನಾಗಿ ಬೆಳೆಯುತ್ತಿದೆ. ತಕ್ಕಡಿಯ ಪಕ್ಕದಲ್ಲಿ ನೇತಾಡುವ ಕ್ಯೂಆರ್ ಕೋಡ್‌ಗೆ ನಾವು ಕೊತ್ತಂಬರಿ ಕಟ್ಟಿಗೆ ಹಾಕುವ ಹತ್ತು ರೂಪಾಯಿ ಅವರ ಬ್ಯಾಂಕ್ ಖಾತೆಯಲ್ಲಿ ತಾರೀಖಿನ ಸಮೇತ ದಾಖಲಾಗುತ್ತದೆ. ಅಪಘಾತದ ಹಿಂದಿನ ಒಂದು ವರ್ಷದ ಆ ಹಾಳೆಗಳನ್ನು ತೆಗೆಸಿ, ಮಂಡಿಯ ಚೀಟಿಗಳ ಜೊತೆ ವಕೀಲರ ಕೈಗೆ ಕೊಟ್ಟರೆ, ಗಾಡಿ ಯಾವ ದಿನ ನಿಂತಿತು ಎಂಬುದೂ ಅದರಲ್ಲೇ ಕಾಣುತ್ತದೆ.